ನಾಲೆ ನೀರಿನವನ ಕಾಶಿ ಕಣಗಿಲೆ

ಮೊದಲಿಗೇ ಒಪ್ಪಿಕೊಂಡುಬಿಡುತ್ತೇನೆ. ಈ ಬೇಸಿಗೆ ರಜೆಯಲ್ಲಿ ನಾನು ಎಂಟು ಕಾಶಿ ಕಣಗಿಲೆ ಗಿಡಗಳನ್ನು ಸಾಯಿಸಿದೆ. ನಾಲ್ಕು ನಮ್ಮ ಮನೆಯವು, ನಾಲ್ಕು ಹೊರಗಿನವು. ಕೋಪದಿಂದ ಸಾಯಿಸಲಿಲ್ಲ, ಮರೆತು ಸಾಯಿಸಲಿಲ್ಲ. ಬೆಳಗ್ಗೆ ಒಂದು ಸಲ, ಸಂಜೆ ಒಂದು ಸಲ, ಮನಸ್ಸು ತಡೆಯದಿದ್ದರೆ ಮಧ್ಯಾಹ್ನ ಊಟವಾದ ಮೇಲೆ ಇನ್ನೊಂದು ಸಲ ನೀರು ಹಾಕಿ, ಎಲೆ ಸವರಿ, ಪ್ರೀತಿಯಿಂದ ಸಾಯಿಸಿದೆ.

ಇದು ಎಂಥ ಸಾಧನೆ ಅನ್ನುವುದು ಈ ಗಿಡವನ್ನು ಬಲ್ಲವರಿಗೆ ಮಾತ್ರ ಗೊತ್ತಾಗುತ್ತದೆ. ಕಾಶಿ ಕಣಗಿಲೆಯನ್ನು ಯಾರೂ ಬೆಳೆಯುವುದಿಲ್ಲ, ಅದೇ ಬೆಳೆದುಕೊಳ್ಳುತ್ತದೆ. ಚರಂಡಿ ಕಲ್ಲಿನ ಸಂದಿ, ಬಸ್ ನಿಲ್ದಾಣದ ಗೋಡೆ, ಸ್ಮಶಾನದ ಕಾಂಪೌಂಡು, ಎಲ್ಲೆಂದರಲ್ಲಿ ಐದು ಎಸಳಿನ ಗುಲಾಬಿ ಬಣ್ಣದ ಹೂ ಬಿಟ್ಟುಕೊಂಡು ನಿಂತಿರುತ್ತದೆ. ಆಡು ಅದನ್ನು ಮುಟ್ಟುವುದಿಲ್ಲ, ಹಸು ಮೂಸಿ ನೋಡಿ ಮುಂದಕ್ಕೆ ಹೋಗುತ್ತದೆ. ನಾನು ಪಾಠ ಮಾಡುವ ಹೈಸ್ಕೂಲಿನ ತಾರಸಿಯ ಬಿರುಕಿನಲ್ಲಿ ಒಂದು ಗುಂಪೇ ಇದೆ. ಅವಕ್ಕೆ ಮಣ್ಣು ಅನ್ನುವುದೇ ಇಲ್ಲ, ಏಪ್ರಿಲ್ ತಿಂಗಳ ಬಿಸಿಲಿನಲ್ಲಿ ತಾರಸಿಯ ಮೇಲೆ ಕಾಲಿಡಲು ಆಗುವುದಿಲ್ಲ, ಆದರೂ ಅವು ಹೂ ಬಿಡುವುದನ್ನು ಒಂದು ದಿನವೂ ನಿಲ್ಲಿಸಿದ್ದಿಲ್ಲ. ಅಂಥ ಗಿಡ ನನ್ನ ಆರೈಕೆಯನ್ನು ಹತ್ತು ದಿನ ತಡೆಯಲಿಲ್ಲ.

ಇದಕ್ಕಿಂತ ನಾಚಿಕೆಯ ವಿಷಯ ಇನ್ನೊಂದಿದೆ. ನಾನು ವಿಜ್ಞಾನದ ಮೇಷ್ಟ್ರು. ಬೇರುಗಳೂ ಉಸಿರಾಡುತ್ತವೆ, ಮಣ್ಣಿನ ಸಂದುಗಳಲ್ಲಿ ನೀರು ತುಂಬಿಕೊಂಡರೆ ಬೇರಿಗೆ ಗಾಳಿ ಸಿಗದೆ ಕೊಳೆಯುತ್ತದೆ ಎಂದು ಮದ್ದೂರಿನ ಮಕ್ಕಳಿಗೆ ಇಪ್ಪತ್ತೆಂಟು ವರ್ಷಗಳಿಂದ ಹೇಳಿಕೊಂಡು ಬಂದಿದ್ದೇನೆ. ಪ್ರತಿ ವರ್ಷ ಕಿಟಕಿಯ ಮೇಲೆ ಎರಡು ಕುಂಡ ಇಡುತ್ತೇನೆ. ‘ಎ’ ಕುಂಡಕ್ಕೆ ಹದವಾಗಿ ನೀರು, ‘ಬಿ’ ಕುಂಡಕ್ಕೆ ಬೇಕಾಬಿಟ್ಟಿ ನೀರು. ‘ಬಿ’ ಕುಂಡದ ಗಿಡ ಪ್ರತಿ ವರ್ಷವೂ ತಪ್ಪದೆ ಸಾಯುತ್ತದೆ, ಮಕ್ಕಳು ಪ್ರಯೋಗದ ತೀರ್ಮಾನವನ್ನು ದುಂಡಗೆ ಬರೆದು ತಂದು ತೋರಿಸುತ್ತಾರೆ, ನಾನು ಕೆಂಪು ಶಾಯಿಯಲ್ಲಿ ಸರಿ ಎಂದು ಗುರುತು ಹಾಕುತ್ತೇನೆ. ಆಮೇಲೆ ಮನೆಗೆ ಹೋಗಿ ನಮ್ಮ ಅಂಗಳದಲ್ಲಿ ಬರೀ ‘ಬಿ’ ಕುಂಡಗಳನ್ನೇ ನಡೆಸುತ್ತೇನೆ.

ಈ ಗಿಡದ ಹೆಸರಿನ ಬಗ್ಗೆಯೂ ಎರಡು ಮಾತು ಹೇಳಬೇಕು, ಮೇಷ್ಟ್ರಾದವನಿಗೆ ಸುಮ್ಮನಿರಲು ಆಗುವುದಿಲ್ಲ. ಇದು ಕಾಶಿಯದಲ್ಲ, ಮಡಗಾಸ್ಕರ್ ದ್ವೀಪದ್ದು. ಅಷ್ಟು ದೂರದ ಸಮುದ್ರದಾಚೆಯಿಂದ ಬಂದದ್ದಕ್ಕೆ ಮಡಗಾಸ್ಕರ್ ಕಣಗಿಲೆ ಎಂದು ಹೆಸರಿಟ್ಟಿದ್ದರೆ ನಮ್ಮ ಅಜ್ಜಿಯರ ನಾಲಿಗೆ ತಿರುಗುತ್ತಿರಲಿಲ್ಲ. ದೂರದಿಂದ ಬಂದಿದೆಯಾ, ಹಾಗಾದರೆ ಕಾಶಿಯದೇ ಇರಬೇಕು ಅಂದುಕೊಂಡರೋ ಏನೋ. ಆದರೆ ‘ಕಣಗಿಲೆ’ ಅನ್ನುವ ಅರ್ಧ ಮಾತ್ರ ಪಕ್ಕಾ ಸರಿ. ಬೇಲಿಯ ಕಣಗಿಲೆಯೂ ಈ ಪುಟ್ಟ ಗಿಡವೂ ಸಸ್ಯಶಾಸ್ತ್ರದ ಪ್ರಕಾರ ಒಂದೇ ಕುಟುಂಬದವು. ಪುಸ್ತಕ ಓದದೆಯೇ ನೆಂಟಸ್ತಿಕೆ ಪತ್ತೆ ಹಚ್ಚಿದ್ದಾರೆ. ಮದುವೆ ಮನೆಯಲ್ಲಿ ಅಪರಿಚಿತನ ಮುಖ ನೋಡಿ ‘ನೀನು ಇಂಥವರ ಮೊಮ್ಮಗ ಅಲ್ವಾ’ ಅನ್ನುವ ನಮ್ಮ ಜನಕ್ಕೆ ಇದೇನೂ ದೊಡ್ಡ ವಿಷಯವಲ್ಲ. ಇದರ ಎಲೆಯಿಂದ ರಕ್ತದ ಕ್ಯಾನ್ಸರಿಗೆ ಔಷಧಿ ಮಾಡುತ್ತಾರೆ ಎಂಬುದನ್ನೂ ನಾನು ಪಾಠದಲ್ಲಿ ಹೇಳುತ್ತೇನೆ. ಎಷ್ಟೋ ಜನರ ಪ್ರಾಣ ಉಳಿಸುವ ಗಿಡ, ತನ್ನ ಪ್ರಾಣ ಉಳಿಸಿಕೊಳ್ಳಲು ನನ್ನಿಂದ ದೂರವಿದ್ದರೆ ಸಾಕಾಗಿತ್ತು.

ಹಾಗಾದರೆ ಎಲ್ಲ ಗೊತ್ತಿದ್ದೂ ಯಾಕೆ ನೀರು ಹುಯ್ದೆ ಎಂದು ನೀವು ಕೇಳಬಹುದು. ಅದಕ್ಕೆ ನಾನು ಹುಟ್ಟಿದ ಊರು ಕಾರಣ. ಮಂಡ್ಯದಲ್ಲಿ ಕೃಷಿ ಸಂಶೋಧನೆ ನಡೆಸುವ ವಿ.ಸಿ. ಫಾರಂ ಮಗ್ಗುಲಿನ ಹಳ್ಳಿ ನಮ್ಮದು, ನಾಲೆಯ ಮೇಲ್ಭಾಗ. ‘ನಾಲೆಗೆ ನೀರು ಬುಟ್ರಂತೆ’ ಅನ್ನುವ ಸುದ್ದಿ ಬಂದರೆ ನಮ್ಮಪ್ಪ ತಟ್ಟೆಯಲ್ಲಿ ಅರ್ಧ ಮುದ್ದೆ ಬಿಟ್ಟು, ಗುದ್ದಲಿ ಹೆಗಲಿಗೇರಿಸಿ ಗದ್ದೆಗೆ ಓಡುತ್ತಿದ್ದರು. ಗದ್ದೆಗೆ ಈಗ ನೀರು ಬೇಕೋ ಬೇಡವೋ ಎಂದು ಕೇಳುವ ಪದ್ಧತಿ ನಮ್ಮಲ್ಲಿಲ್ಲ. ಬಂದ ನೀರನ್ನು ಕಟ್ಟಿಕೊಳ್ಳಬೇಕು, ಬದುವಿನ ಮೇಲೆ ಹರಿಯುವಷ್ಟು ಕಟ್ಟಿಕೊಳ್ಳಬೇಕು, ಯಾಕೆಂದರೆ ಮುಂದಿನ ಸರದಿ ಯಾವತ್ತು ಅನ್ನುವುದು ಯಾರಿಗೆ ಗೊತ್ತು. ಭತ್ತಕ್ಕೆ ಇಷ್ಟೊಂದು ನೀರು ಬೇಡ ಎಂದು ತಿಳಿಹೇಳಲು ಫಾರಂನಿಂದ ಓದಿದವರು ಬರುತ್ತಿದ್ದರು. ಅಪ್ಪ ಅವರಿಗೆ ಎಳನೀರು ಕೊಚ್ಚಿ ಕೊಟ್ಟು, ಹೇಳಿದ್ದಕ್ಕೆಲ್ಲ ತಲೆಯಾಡಿಸಿ, ಅವರ ಜೀಪು ತಿರುವು ದಾಟಿದ ಕೂಡಲೇ ಹೋಗಿ ಗದ್ದೆಗೆ ನೀರು ನುಗ್ಗುವ ಮಡೆಯನ್ನು ಇನ್ನಷ್ಟು ಅಗಲ ಮಾಡಿ ಬರುತ್ತಿದ್ದರು. ನಮ್ಮ ಮನೆತನದಲ್ಲಿ ಅನ್ನಕ್ಕೆ ಸಾಕು ಅನ್ನುತ್ತಾರೆ, ಸಾರಿಗೆ ಸಾಕು ಅನ್ನುತ್ತಾರೆ, ನೆಂಟರು ನಾಲ್ಕು ದಿನ ಉಳಿದರೆ ಗೊಣಗಿಕೊಂಡು ಸಾಕು ಅನ್ನುತ್ತಾರೆ. ನೀರಿಗೆ ಸಾಕು ಅಂದವರನ್ನು ನಾನು ಕಂಡಿಲ್ಲ.

ಇಂಥ ಮನೆತನದ ನನಗೆ ಗಂಟು ಬಿದ್ದವಳು ಸುಶೀಲ. ಅವಳದು ಮಳವಳ್ಳಿ ಕಡೆಯ ಹಳ್ಳಿ, ಅದೇ ನಾಲೆಯ ಕಟ್ಟಕಡೆ. ನಾಲೆ ಅವರ ಊರಿಗೂ ಹೋಗುತ್ತದೆ, ನೀರು ಹೋಗುವುದಿಲ್ಲ. ನಮ್ಮಂಥವರು ಮೇಲೆ ಕೂತಿರುವಾಗ ಹೇಗೆ ಹೋದೀತು. ಅವಳು ಚಿಕ್ಕವಳಿದ್ದಾಗ ಒಣ ನಾಲೆಯೊಳಗೇ ಇಳಿದು, ಅದನ್ನೇ ಅಡ್ಡದಾರಿ ಮಾಡಿಕೊಂಡು ಶಾಲೆಗೆ ಹೋಗುತ್ತಿದ್ದಳಂತೆ. ಅವಳ ಅವ್ವ ನಾಲೆಯ ಹಾಸಿನ ಮೇಲೆ ಹುರುಳಿ ಒಣಗಿಸುತ್ತಿದ್ದರಂತೆ. ನನ್ನನ್ನು ನೋಡಲು ಬಂದ ದಿನ ಅವರ ಕಡೆಯ ಹಿರಿಯರು ನನ್ನ ಕೆಲಸ ಯಾವುದು, ಓದಿದ್ದೆಷ್ಟು ಎಂದು ಏನೂ ಕೇಳಲಿಲ್ಲ. ಗದ್ದೆಗೆ ನೀರು ಬತ್ತದಾ ಎಂದು ಕೇಳಿದರು, ಬರುತ್ತೆ ಅಂದೆ, ಹೆಣ್ಣು ಕೊಟ್ಟರು.

ಆವತ್ತಿನಿಂದ ಇವತ್ತಿನವರೆಗೆ ನಮ್ಮ ಜಗಳಗಳೆಲ್ಲ ನಲ್ಲಿಯ ಹತ್ತಿರವೇ. ನಾನು ನಲ್ಲಿ ಬಿಟ್ಟುಕೊಂಡು ಹಲ್ಲುಜ್ಜುತ್ತೇನೆ, ಅವಳು ಹಿಂದಿನಿಂದ ಬಂದು ಮಾತಿಲ್ಲದೆ ನಿಲ್ಲಿಸುತ್ತಾಳೆ. ಅಕ್ಕಿ ತೊಳೆದ ನೀರಿನಲ್ಲಿ ಸೊಪ್ಪು ತೊಳೆಯುತ್ತಾಳೆ, ಸೊಪ್ಪು ತೊಳೆದ ನೀರನ್ನು ಗಿಡಕ್ಕೆ ಹಾಕುತ್ತಾಳೆ, ಅದೂ ಇಡೀ ಅಂಗಳಕ್ಕೆ ಒಂದೇ ಚೊಂಬು. ಗಿಡಗಳು ಅವಳ ಮಾತು ಕೇಳಿಕೊಂಡು ಆ ಚೊಂಬಿನಲ್ಲೇ ಹಂಚಿ ಕುಡಿದು ದಿನಾ ಹೂ ಬಿಡುತ್ತವೆ. ಇದನ್ನು ನೋಡಿದಾಗಲೆಲ್ಲ ನನಗೆ ಸ್ವಲ್ಪ ಹೊಟ್ಟೆಯುರಿ ಆಗುತ್ತಿತ್ತು ಅನ್ನುವುದನ್ನೂ ಇಲ್ಲೇ ಹೇಳಿಬಿಡುತ್ತೇನೆ.

ಆ ಗಿಡಗಳು ಐದು. ನಾಲ್ಕು ಕುಂಡಗಳಲ್ಲಿ ಗುಲಾಬಿ ಬಣ್ಣದವು, ಎಲ್ಲ ಕಡೆ ಸಿಗುವಂಥವು. ಐದನೆಯದು ಒಂದು ಹಳೆಯ ಅಲ್ಯೂಮಿನಿಯಂ ದಬರಿಯಲ್ಲಿತ್ತು. ದಬರಿ ಅವಳ ಅವ್ವನದು, ಗಿಡವೂ ಅವ್ವನ ಹಿತ್ತಲಿನದು. ಹಾಲಿನಂಥ ಬಿಳಿ ಹೂ, ನಡುವೆ ಕುಂಕುಮದ ಬೊಟ್ಟಿನಷ್ಟು ಕೆಂಪು. ಇಂಥದ್ದು ಬೇರೆ ಕಡೆಯೂ ಇರಬಹುದು, ಆದರೆ ಸುಶೀಲಳ ಲೆಕ್ಕದಲ್ಲಿ ಅದು ಲೋಕದಲ್ಲಿ ಎರಡೇ ಜಾಗದಲ್ಲಿದೆ, ಅವ್ವನ ಹಿತ್ತಲಲ್ಲಿ ಮತ್ತು ಈ ದಬರಿಯಲ್ಲಿ. ವರ್ಷಾ ವರ್ಷಾ ಅದರ ಸಣ್ಣ ಕಾಯಿ ಸಿಡಿಯುವ ಮೊದಲೇ ಬಿಡಿಸಿ, ಬೀಜವನ್ನು ಬೆಂಕಿಪೊಟ್ಟಣದಲ್ಲಿ ಹಾಕಿಟ್ಟು ಮತ್ತೆ ಬಿತ್ತುತ್ತಾಳೆ. ಹೋದ ವರ್ಷದ ಬೆಂಕಿಪೊಟ್ಟಣವನ್ನು ನಾನು ಖಾಲಿ ಇರಬೇಕೆಂದು ನೀರೊಲೆಗೆ ಎಸೆದಿದ್ದೆ. ಹಾಗಾಗಿ ಈ ವರ್ಷ ಉಳಿದದ್ದು ಆ ಒಂದು ಗಿಡ ಮಾತ್ರ.

ಮೈಸೂರಿನಲ್ಲಿರುವ ಅವಳ ಅಕ್ಕನಿಗೆ ಮಂಡಿ ಆಪರೇಷನ್ ಆಗುವುದಿತ್ತು. ಇಪ್ಪತ್ತೈದು ದಿನ ಜೊತೆಗಿದ್ದು ನೋಡಿಕೊಳ್ಳಲು ಸುಶೀಲ ಹೊರಟಳು. ಹುಳಿಪುಡಿ ಎಲ್ಲಿದೆ, ಗ್ಯಾಸ್ ಹೇಗೆ ಆಫ್ ಮಾಡಬೇಕು ಅನ್ನುವುದನ್ನೆಲ್ಲ ಬಾಯಿಮಾತಿನಲ್ಲಿ ಹೇಳಿದವಳು, ಗಿಡದ ವಿಷಯಕ್ಕೆ ಮಾತ್ರ ನನ್ನನ್ನು ಅಂಗಳಕ್ಕೆ ಕರೆದುಕೊಂಡು ಬಂದು ನಿಲ್ಲಿಸಿದಳು.

“ನಾಕ್ ದಿನಕ್ಕೊಂದ್ ಲೋಟ. ಎಲೆ ಬಾಡ್ತು ಅಂತ ಹುಯ್ಯಕ್ ಓಗ್ಬ್ಯಾಡಿ. ನಿಮ್ ಕೈ ನಂಗೊತ್ತು.”

“ನಾನು ವಿಜ್ಞಾನದ ಮೇಷ್ಟ್ರು ಕಣೆ” ಅಂದೆ.

“ಅದ್ಕೇ ಯೋಳ್ತಿರಾದು.”

ಮೊದಲನೇ ದಿನ ನಾನು ಬಹಳ ಗಟ್ಟಿಯಾಗಿದ್ದೆ. ಮಧ್ಯಾಹ್ನ ಎರಡು ಗಂಟೆಗೆ ಹೊರಗೆ ಬಂದು ನೋಡಿದರೆ ಎಲೆಗಳೆಲ್ಲ ಕಿವಿ ಇಳಿಬಿಟ್ಟುಕೊಂಡಿದ್ದವು. ಬಿಸಿಲಿಗೆ ಹಾಗಾಗುತ್ತದೆ, ಸಂಜೆ ತಾನಾಗಿ ಏಳುತ್ತವೆ, ಇದೂ ನಾನು ಪಾಠ ಮಾಡುವ ವಿಷಯವೇ. ಆದರೆ ಎದುರಿಗೆ ಮಣ್ಣು ಒಣಗಿ ಬಿಳಿಚಿಕೊಂಡಿರುವಾಗ ಪಾಠ ನೆನಪಾಗುವುದಿಲ್ಲ, ಅಪ್ಪನ ಗುದ್ದಲಿ ನೆನಪಾಗುತ್ತದೆ. ಒಂದು ಲೋಟ ತಾನೆ ಅಂದುಕೊಂಡೆ. ಲೋಟ ಅಂದಳೇ ಹೊರತು ಯಾವ ಲೋಟ ಅಂತ ಹೇಳಿರಲಿಲ್ಲ. ನಮ್ಮ ಮನೆಯಲ್ಲಿ ಮಜ್ಜಿಗೆ ಕುಡಿಯುವ ಹಿತ್ತಾಳೆಯ ಲೋಟವೊಂದಿದೆ, ಅದರಲ್ಲಿ ಮಗುವಿಗೆ ಸ್ನಾನ ಮಾಡಿಸಬಹುದು. ಅದರ ತುಂಬ ಹಾಕಿದೆ, ಒಂದೊಂದಕ್ಕೂ ಒಂದೊಂದು. ಸಂಜೆಗೆ ಎಲೆಗಳು ಎದ್ದು ನಿಂತವು. ನೋಡಿದೆಯಾ ಎಂದು ಗಾಳಿಗೆ ಹೇಳಿದೆ.

ಇಲ್ಲಿ ಗಿಡದ ಒಂದು ಕಿತಾಪತಿಯನ್ನು ಹೇಳಬೇಕು. ನೀರಿಲ್ಲದೆ ಬಾಡಿದ ಗಿಡವೂ ನೀರು ಹೆಚ್ಚಾಗಿ ಬೇರು ಕೊಳೆತ ಗಿಡವೂ ನೋಡಲು ಒಂದೇ ಥರ ಇರುತ್ತವೆ. ಎರಡೂ ಎಲೆ ಜೋಲುಬಿಡುತ್ತವೆ. ಮೂರನೇ ದಿನ ಜೋಲುಬಿಟ್ಟ ಎಲೆ ಸಂಜೆಯಾದರೂ ಏಳಲಿಲ್ಲ, ಪಾಪ ಎಂದು ಇನ್ನೊಂದು ಲೋಟ ಹಾಕಿದೆ. ಐದನೇ ದಿನ ಹಳದಿಯಾದವು, ಅಯ್ಯೋ ಎಂದು ಬೆಳಗ್ಗೆ ಸಂಜೆ ಎರಡು ಹೊತ್ತೂ ಚೊಂಬಿಗೆ ಬಂದೆ. ಎಂಟನೇ ದಿನ ಗುಲಾಬಿ ಬಣ್ಣದ ನಾಲ್ಕೂ ಗಿಡ ಬುಡದಲ್ಲಿ ಕಪ್ಪಾಗಿ, ಮುಟ್ಟಿದರೆ ಕೈಗೆ ಬಂದವು. ಸುಶೀಲ ದಿನಾ ಫೋನ್ ಮಾಡಿ ಅಕ್ಕನ ಮಂಡಿಯ ಸಮಾಚಾರ ಮುಗಿಸಿದ ಮೇಲೆ, ನೀರು ಹುಯ್ಯಲಿಲ್ಲ ತಾನೆ ಎಂದು ಕೇಳುತ್ತಿದ್ದಳು. ಇಲ್ಲ ಅನ್ನುತ್ತಿದ್ದೆ. ಆಮೇಲೆ ಅವಳಿಗೆ ಅಕ್ಕನ ಮಗ ವಿಡಿಯೊ ಕಾಲ್ ಮಾಡುವುದನ್ನು ಹೇಳಿಕೊಟ್ಟುಬಿಟ್ಟ.

ಗಿಡ ತೋರ್ಸಿ ಅಂದಳು. ನೆಟ್‌ವರ್ಕ್ ಇಲ್ಲ, ನಾಳೆ ತೋರಿಸ್ತೀನಿ ಅಂದೆ. ಮಾರನೆಯ ಬೆಳಗ್ಗೆ ಕೈಚೀಲದಲ್ಲಿ ಒಂದು ಸೌಟು ಇಟ್ಟುಕೊಂಡು ಶಾಲೆಗೆ ಹೋದೆ. ರಜೆಯಲ್ಲಿ ಮೇಷ್ಟ್ರು ಬಂದರಲ್ಲ, ಫಲಿತಾಂಶದ ಕೆಲಸವಿರಬೇಕು ಎಂದು ಜವಾನ ಗೌರವದಿಂದ ಬೀಗ ತೆಗೆದ. ನಾನು ತಾರಸಿಗೆ ಹತ್ತಿ, ಅಂಬೆಗಾಲಿಟ್ಟು, ಬಿರುಕಿನಿಂದ ಗುಲಾಬಿ ಬಣ್ಣದ ನಾಲ್ಕು ಗಿಡಗಳನ್ನು ಕಿತ್ತುಕೊಂಡು ಬಂದೆ. ಕುಂಡಕ್ಕೆ ಹಾಕಿದೆ. ವಿಡಿಯೊದಲ್ಲಿ ತೋರಿಸಿದೆ. ಚೆನ್ನಾಗವೆ ಅಂದಳು. ಅಷ್ಟಕ್ಕೆ ಬಿಟ್ಟಿದ್ದರೆ ಬಚಾವಾಗುತ್ತಿದ್ದೆ. ಪಾಪ, ಹುಟ್ಟಿದಾಗಿನಿಂದ ಸಿಮೆಂಟಿನ ಮೇಲೆ ಬದುಕಿದವು, ಹೊಸ ಮನೆಗೆ ಬಂದಿವೆ, ಒಮ್ಮೆಯಾದರೂ ಹೊಟ್ಟೆ ತುಂಬ ಕುಡಿಯಲಿ ಅನ್ನಿಸಿತು. ನಾಲ್ಕೇ ದಿನದಲ್ಲಿ ಅವೂ ಹೋದವು.

ಅಲ್ಲಿಯವರೆಗೂ ನನಗಿದ್ದದ್ದು ಸಿಕ್ಕಿಬೀಳುವ ಭಯ ಮಾತ್ರ. ನಿಜವಾದ ಭಯ ಶುರುವಾದದ್ದು ದಬರಿಯ ಬಿಳಿ ಗಿಡ ಎಲೆ ಇಳಿಬಿಟ್ಟ ದಿನ. ಗುಲಾಬಿ ಬಣ್ಣದವಾದರೆ ಸ್ಮಶಾನದ ಕಾಂಪೌಂಡಿನಿಂದಲಾದರೂ ತರಬಹುದು. ಇದು ಹೋದರೆ ಮತ್ತೆ ಬಿತ್ತಲು ಬೀಜವೂ ಇಲ್ಲ, ಅದರ ಬೆಂಕಿಪೊಟ್ಟಣವನ್ನೂ ನಾನೇ ಎಸೆದಿದ್ದೇನೆ. ಸುಶೀಲ ಬೈಯುವವಳಲ್ಲ. ಬೈದರೆ ಎಷ್ಟೋ ಸಲೀಸು. ಏನೂ ಅನ್ನದೆ ದಬರಿಯನ್ನು ತೊಳೆದು, ಬೋರಲು ಹಾಕಿ, ಒಳಗೆ ಹೋಗುತ್ತಾಳೆ. ಆ ಬೋರಲು ಹಾಕಿದ ದಬರಿಯನ್ನು ನೆನೆಸಿಕೊಂಡು ಅವತ್ತೇ ಚೊಂಬನ್ನು ಅಟ್ಟದ ಮೇಲಿಟ್ಟೆ. ಎರಡು ದಿನ ಒಂದು ಹನಿ ಹಾಕಲಿಲ್ಲ, ಅಂಗಳದ ಕಡೆಯ ಕಿಟಕಿಯನ್ನೇ ಮುಚ್ಚಿಕೊಂಡು ಕೂತೆ. ಮೂರನೇ ದಿನ ಬೆಳಗ್ಗೆ ಹೋಗಿ ಮಣ್ಣು ಮುಟ್ಟಿ ನೋಡಿದರೆ ಹಸಿ ಹಸಿ. ದಬರಿಯ ತೂತಿನಿಂದ ನೀರು ತೊಟ್ಟಿಕ್ಕುತ್ತಿತ್ತು.

ನಾನೇ ನಿದ್ದೆಗಣ್ಣಿನಲ್ಲಿ ಎದ್ದು ಬಂದು ಹಾಕಿದೆನೇ ಎಂದು ನನ್ನ ಮೇಲೆಯೇ ಅನುಮಾನ ಬಂತು. ಮಾರನೆಯ ಬೆಳಗ್ಗೆ ಬಾಗಿಲ ಸಂದಿಯಲ್ಲಿ ನಿಂತು ಕಾದೆ. ಬೆಳಕು ಹರಿದ ಸ್ವಲ್ಪ ಹೊತ್ತಿಗೆ ಪಕ್ಕದ ಮನೆಯ ಕಾಂಪೌಂಡಿನ ಮೇಲಿಂದ ಒಂದು ಹಸಿರು ಪೈಪಿನ ಮೂತಿ ನಿಧಾನವಾಗಿ ಇಣುಕಿತು. ಒಂದೊಂದು ಕುಂಡಕ್ಕೂ ಸರದಿಯ ಪ್ರಕಾರ ತಿರುಗಿತು, ಸತ್ತ ಗಿಡಗಳ ಕುಂಡಗಳನ್ನೂ ಬಿಡಲಿಲ್ಲ, ಕೊನೆಗೆ ದಬರಿಯ ಹತ್ತಿರ ಬಹಳ ಹೊತ್ತು ನಿಂತಿತು. ಪೈಪಿನ ಆ ಕಡೆ ಇದ್ದವರು ಸಿದ್ದಯ್ಯನವರು.

ಸಿದ್ದಯ್ಯನವರು ನಾಲೆಯ ನೀರಗಂಟಿಯಾಗಿದ್ದವರು. ಯಾವ ತೂಬನ್ನು ಯಾವತ್ತು ಎತ್ತಬೇಕು, ಯಾರ ಗದ್ದೆಗೆ ಎಷ್ಟು ಹೊತ್ತು ನೀರು ಅನ್ನುವುದೆಲ್ಲ ಮೂವತ್ತು ವರ್ಷ ಅವರ ಕೈಯಲ್ಲಿತ್ತು. ರಿಟೈರಾಗಿ ಮಗಳ ಮನೆಗೆ ಬಂದು ಕೂತ ಮೇಲೆ ನೀರು ಬಿಡಲು ಅವರಿಗೆ ಏನೂ ಉಳಿದಿಲ್ಲ. ನನ್ನನ್ನು ಕಂಡು ಪೈಪು ಹಿಂದಕ್ಕೆ ಎಳೆದುಕೊಳ್ಳಲೂ ಇಲ್ಲ.

“ಮಣ್ ಒಣಗಿತ್ತು ಮೇಷ್ಟ್ರೇ. ಕಂಡೂ ಕಂಡೂ ಎಂಗ್ ಬುಡಾದು” ಅಂದರು.

ಎಷ್ಟು ದಿನದಿಂದ ಎಂದು ಕೇಳಿದೆ. ಸುಶೀಲಮ್ಮ ಊರಿಗೆ ಹೋದ ಮಾರನೆಯ ದಿನದಿಂದ ಅಂದರು. ಮೇಷ್ಟ್ರು ಓದಿದೋರು, ನೀರು ಗೀರು ಅವರಿಗೆ ನೆನಪಿರಾಕಿಲ್ಲ ಎಂದು ಅವರು ಅಂದುಕೊಂಡಿದ್ದರಂತೆ. ಒಂದೇ ಕೊಲೆಯನ್ನು ಇಬ್ಬರು ಒಬ್ಬರಿಗೊಬ್ಬರು ತಿಳಿಯದೆ ಮಾಡಿದ್ದೆವು, ಯಾರು ಯಾರನ್ನು ಬೈಯುವುದು.

ಉಳಿದದ್ದು ಒಂದೇ ದಾರಿ. ಅದೇ ದಿನ ಮಳವಳ್ಳಿ ಬಸ್ಸು ಹತ್ತಿದೆ. ಅತ್ತೆಯ ಕಾಲಿಗೆ ಬಿದ್ದಾದರೂ ಹಿತ್ತಲಿನಿಂದ ಒಂದು ಬಿಳಿ ಸಸಿ ಇಸಿದುಕೊಂಡು, ಸುಶೀಲ ಬರುವುದರೊಳಗೆ ದಬರಿಯಲ್ಲಿ ನೆಟ್ಟುಬಿಡುವುದು ನನ್ನ ಯೋಜನೆ. ದಾರಿಯುದ್ದಕ್ಕೂ ಅತ್ತೆಗೆ ಏನು ಹೇಳಬೇಕೆಂದು ಮನಸ್ಸಿನಲ್ಲೇ ಅಭ್ಯಾಸ ಮಾಡಿದೆ. ಇಲಿ ಕಡಿಯಿತು ಅನ್ನಲೇ, ಹಸು ಮೇಯಿತು ಅನ್ನಲೇ. ಹಸು ಇದನ್ನು ಮೇಯುವುದಿಲ್ಲ ಅನ್ನುವುದು ಅತ್ತೆಗೆ ನನಗಿಂತ ಚೆನ್ನಾಗಿ ಗೊತ್ತು. ಕೊನೆಯ ಸ್ಟಾಪಿನಲ್ಲಿ ಇಳಿದು, ನಾಲೆಯ ಸೇತುವೆ ದಾಟಿ, ಇದೇ ಯೋಚನೆಯಲ್ಲಿ ತಲೆ ತಗ್ಗಿಸಿಕೊಂಡು ಅತ್ತೆಯ ಮನೆಗೆ ಬಂದೆ.

ಅತ್ತೆ ಕೆಂಪಮ್ಮನವರು ಎಪ್ಪತ್ತು ದಾಟಿದವರು. ನಾನು ಒಬ್ಬನೇ ಬಂದದ್ದು ನೋಡಿ ಗಾಬರಿಯಾಗಿ, ಮಗಳು ಚೆನ್ನಾಗಿದ್ದಾಳೆ ಎಂದು ತಿಳಿದ ಮೇಲೆ ಮಜ್ಜಿಗೆ ಕೊಟ್ಟರು. ನಾನು ಅಭ್ಯಾಸ ಮಾಡಿದ್ದೆಲ್ಲ ಮರೆತು ಇದ್ದದ್ದನ್ನು ಇದ್ದ ಹಾಗೆ ಹೇಳಿಬಿಟ್ಟೆ. ಅತ್ತೆ ಬೈಯಲಿಲ್ಲ. ಎದ್ದು ಹಿತ್ತಲಿಗೆ ಕರೆದುಕೊಂಡು ಹೋದರು. ಹಿತ್ತಲಿನಲ್ಲಿ ಒಂದೂ ಕಾಶಿ ಕಣಗಿಲೆ ಇರಲಿಲ್ಲ. ಸಾಲಾಗಿ ಕಪ್ಪು ಕಡ್ಡಿಗಳು ನಿಂತಿದ್ದವು. ನಮ್ಮ ಅಂಗಳದ ಕುಂಡಗಳಲ್ಲಿ ನಿಂತಿದ್ದಂಥವೇ.

“ನಾಲೇಲಿ ನೀರ್ ಬಂತು ಅಳಿಮಯ್ಯ” ಅಂದರು. “ನಾ ಮದ್ವೆಯಾಗ್ ಬಂದಾಗ್ಲಿಂದ ಈ ಇತ್ಲುಗೆ ನೀರ್ ಕಂಡಿರ್ನಿಲ್ಲ. ನಾನೇ ಗುದ್ದಲಿ ತಕಂಡು ಕಾಲುವೆ ಒಡ್ದು ಬುಟ್ಟೆ. ಅವೂ ಕುಡೀಲಿ ಅಂತ.”

ಆಗಿದ್ದಿಷ್ಟು. ನಾಲೆಯನ್ನು ರಿಪೇರಿ ಮಾಡಿದ್ದರಂತೆ, ಈ ಬೇಸಿಗೆಯಲ್ಲಿ ಬಿಟ್ಟ ನೀರು ಮೊದಲ ಸಲ ಕಟ್ಟಕಡೆಯವರೆಗೆ ಬಂದಿತ್ತು. ಅತ್ತೆ ದಿನಾ ಹಿತ್ತಲಿಗೆ ನೀರು ತಿರುಗಿಸಿದ್ದರು, ಐವತ್ತು ವರ್ಷದ ಆಸೆ ಹದಿನೈದು ದಿನದಲ್ಲಿ ತೀರಿಸಿಕೊಂಡಿದ್ದರು. ನೀರಿಲ್ಲದೆ ಐವತ್ತು ವರ್ಷ ಹೂ ಬಿಟ್ಟ ಗಿಡಗಳು ನೀರು ಕಂಡ ಹದಿನೈದು ದಿನಕ್ಕೆ ಕೊಳೆತವು. ಸುಶೀಲಳಿಗೆ ನೀರು ಬಂದ ಸುದ್ದಿ ಹೇಳಿಲ್ಲವೇ ಎಂದು ಕೇಳಿದೆ. ಹೇಳಿಲ್ಲ ಅಂದರು, ನೀರು ಬಂತು ಅಂದರೆ ಮೊದಲು ಹೂವಿನ ಗಿಡ ಹೆಂಗಿದೆ ಅಂತ ಕೇಳುತ್ತಾಳೆ, ಏನಂತ ಹೇಳೋದು, ನೀವೂ ಹೇಳಬೇಡಿ ಅಂದರು. ಹೇಳುವುದಿಲ್ಲ ಎಂದು ಮಾತು ಕೊಟ್ಟೆ. ಅತ್ತೆಯ ಬಗ್ಗೆ ನನಗೆ ಮೊದಲಿನಿಂದಲೂ ಗೌರವವಿತ್ತು, ಆದರೆ ಸಲಿಗೆ ಹುಟ್ಟಿದ್ದು ಅವತ್ತೇ. ನಾವಿಬ್ಬರೂ ಆ ಕಡ್ಡಿಗಳ ಮುಂದೆ, ಹೋಮ್‌ವರ್ಕ್ ಮಾಡದ ಮಕ್ಕಳ ಹಾಗೆ ಒಬ್ಬರ ಮುಖ ಒಬ್ಬರು ನೋಡಿಕೊಂಡು ನಿಂತಿದ್ದೆವು.

ಹಾಗೆ ನಿಂತಿದ್ದಾಗಲೇ ನನಗೆ ಇನ್ನೊಂದು ಹೊಳೆಯಿತು. ಇನ್ನು ಆ ಬಿಳಿ ಹೂ ಲೋಕದಲ್ಲಿ ಎರಡು ಜಾಗದಲ್ಲಿಲ್ಲ, ಒಂದೇ ಜಾಗದಲ್ಲಿದೆ. ಅದೂ ನನ್ನ ಕೈಕೆಳಗೆ. ಬೇರು ಪೂರ್ತಿ ಹೋಗಿಲ್ಲದಿದ್ದರೆ ಬದುಕುತ್ತದೆ ಎಂದು ಅತ್ತೆ ಧೈರ್ಯ ಹೇಳಿ, ದಾರಿಯನ್ನೂ ಹೇಳಿಕೊಟ್ಟರು. ಕಿತ್ತು ಕೊಳೆತದ್ದು ಕತ್ತರಿಸಬೇಕು, ಕೊಂಬೆ ಸವರಬೇಕು, ಇಟ್ಟಿಗೆ ಚೂರು ಮರಳು ಬೆರೆಸಿದ ಒಣ ಮಣ್ಣಿಗೆ ಹಾಕಬೇಕು, ನೆರಳಿನಲ್ಲಿಡಬೇಕು. “ಆಮ್ಯಾಕೆ ಅದ್ನ ಮರ್ತ್‌ಬುಡಿ” ಅಂದರು. ಇದು ನನ್ನ ಸರ್ವೀಸಿನಲ್ಲೇ ಸಿಕ್ಕ ಅತ್ಯಂತ ಕಷ್ಟದ ಕೆಲಸ.

ಬಂದವನೇ ದಬರಿಯಿಂದ ಗಿಡ ಬಿಡಿಸಿದೆ. ಬೇರಿನಲ್ಲಿ ಒಂದು ಬೆರಳುದ್ದದ ಬಿಳಿ ಎಳೆ ಮಾತ್ರ ಗಟ್ಟಿಯಾಗಿ ಉಳಿದಿತ್ತು. ಅತ್ತೆ ಹೇಳಿದ ಹಾಗೆಲ್ಲ ಮಾಡಿದ ಮೇಲೆ ದಬರಿಯಲ್ಲಿ ಉಳಿದದ್ದು ಎರಡು ಎಲೆಯ ಒಂದು ಮೋಟು ಕಡ್ಡಿ. ಮರೆಯಬೇಕಾದರೆ ನನ್ನನ್ನು ನಾನು ನಂಬುವಂತಿರಲಿಲ್ಲ, ಸಿದ್ದಯ್ಯನವರನ್ನು ಇನ್ನೂ ನಂಬುವಂತಿರಲಿಲ್ಲ. ಆಗ ಒಂದು ಉಪಾಯ ಮಾಡಿದೆ. ಸಿದ್ದಯ್ಯನವರ ಮನೆಗೆ ಹೋಗಿ, ನಮ್ಮ ಅಂಗಳಕ್ಕೆ ನೀವೇ ನೀರಗಂಟಿ ಆಗಬೇಕು, ಕಟ್ಟು ಪದ್ಧತಿ ಜಾರಿಗೆ ತರಬೇಕು ಎಂದು ಕೇಳಿಕೊಂಡೆ. ನಾಲೆಯಲ್ಲಿ ಇಷ್ಟು ದಿನ ನೀರು ಬಿಟ್ಟು ಇಷ್ಟು ದಿನ ನಿಲ್ಲಿಸುವುದಕ್ಕೆ ಹಾಗನ್ನುತ್ತಾರೆ. ಸುಮ್ಮನೆ ಮುದುಕರಾಗಿದ್ದ ಸಿದ್ದಯ್ಯನವರು ಆ ಮಾತು ಕೇಳಿದ್ದೇ ತಡ ಅಂಗಿ ಹಾಕಿಕೊಂಡು ಬಂದರು. ಅಂಗಳದ ನಲ್ಲಿಗೆ ಸರಪಳಿ ಸುತ್ತಿ, ಟ್ರಂಕಿನಲ್ಲಿದ್ದ ಹಳೆಯ ಬೀಗ ಜಡಿದು, ಬೀಗದಕೈಯನ್ನು ಉಡಿದಾರಕ್ಕೆ ಕಟ್ಟಿಕೊಂಡರು. ಹತ್ತು ದಿನ ಕಟ್ಟು, ಹತ್ತನೇ ದಿನ ಅರ್ಧ ಲೋಟ ಎಂದು ಕ್ಯಾಲೆಂಡರಿನಲ್ಲಿ ಗುರುತು ಹಾಕಿದರು. ತಮ್ಮ ಹಸಿರು ಪೈಪನ್ನೂ ತಾವೇ ಸುರುಳಿ ಸುತ್ತಿ ಒಳಗಿಟ್ಟರು. ಸುಮ್ಮನೆ ಕೂತ ಮನುಷ್ಯನಿಗೆ ನೀರು ಕಳ್ಳತನದಲ್ಲಿ ಹಾಕಬೇಕು ಅನ್ನಿಸುತ್ತದೆ, ಅಧಿಕಾರ ಕೊಟ್ಟರೆ ಹಾಕಬಾರದು ಅನ್ನಿಸುತ್ತದೆ.

ನಾಲ್ಕನೇ ದಿನ ನನಗೆ ತಡೆಯಲಾಗಲಿಲ್ಲ. ಕಾಂಪೌಂಡಿನ ಹತ್ತಿರ ಹೋಗಿ, ಸಿದ್ದಯ್ಯನೋರೆ, ಒಂದು ಬೊಗಸೆ ಬಿಟ್ಟರೆ ಏನಾಗುತ್ತೆ ಎಂದು ಬೇಡಿದೆ. ನಮ್ಮಪ್ಪ ಗದ್ದೆಯ ಬದುವಿನ ಮೇಲೆ ನಿಂತು ನೀರಗಂಟಿಯನ್ನು ಬೇಡುತ್ತಿದ್ದದ್ದು ಇದೇ ದನಿಯಲ್ಲಿ.

“ಮ್ಯಾಲಿಂದ ಆರ್ಡರ್ ಬಂದಿಲ್ಲ” ಅಂದರು ಸಿದ್ದಯ್ಯ, ನನ್ನ ಮುಖವನ್ನೂ ನೋಡದೆ.

ಹೀಗೆ ಏಳು ದಿನ ಕಳೆಯಿತು. ಎಂಟನೇ ದಿನ ಮಧ್ಯಾಹ್ನ ಸುಶೀಲ ಬಂದಳು. ಬ್ಯಾಗು ಇಳಿಸಿ, ಚಪ್ಪಲಿ ಬಿಡದೆ ಅಂಗಳದಲ್ಲಿ ನಿಂತು ಖಾಲಿ ಕುಂಡಗಳನ್ನು ಕಣ್ಣಲ್ಲೇ ಎಣಿಸಿದಳು. ನಲ್ಲಿಗೆ ಹಾಕಿದ ಬೀಗ ನೋಡಿದಳು. ಆಮೇಲೆ ದಬರಿಯ ಮುಂದೆ ಕುಕ್ಕರಗಾಲಲ್ಲಿ ಕೂತು ಮೋಟು ಕಡ್ಡಿಯನ್ನು ನೋಡಿದಳು. ಎರಡು ಎಲೆ ಇದ್ದದ್ದು ಅಷ್ಟರಲ್ಲಿ ಮೂರಾಗಿತ್ತು, ಮೂರನೆಯದು ಅಕ್ಕಿಕಾಳಿನಷ್ಟಿತ್ತು. ಅವಳಿಗೆ ಅದು ಕಂಡಿತೋ ಇಲ್ಲವೋ ಗೊತ್ತಿಲ್ಲ. ಬೈಗುಳವಾದರೂ ಬರಲಿ ಎಂದು ಕಾದೆ. ಅವಳು ಉಸಿರು ಬಿಟ್ಟು, ಹೋಗಲಿ ಬುಡಿ, ಅವ್ವನ ಹಿತ್ತಲಿಂದ ತಂದು ಹಾಕ್ತೀನಿ ಅಂದಳು. ಹಾಗನ್ನುತ್ತಾ ದಬರಿಯ ಅಂಚು ಹಿಡಿದು ಬೋರಲು ಹಾಕಲು ಎತ್ತಿಯೇಬಿಟ್ಟಳು.

ಅತ್ತೆಗೆ ಕೊಟ್ಟ ಮಾತು ಅಲ್ಲಿಗೆ ಮುರಿಯಿತು. ನಾನು ಅವಳ ಕೈ ಹಿಡಿದುಕೊಂಡು, ಅವ್ವನ ಹಿತ್ತಲಲ್ಲಿ ಒಂದೂ ಇಲ್ಲ ಕಣೆ, ಇದೊಂದೇ ಇರೋದು ಅಂದೆ. ಯಾಕೆ ಎಂದಳು. ನಿಮ್ಮೂರ ನಾಲೆಗೆ ನೀರು ಬಂತು, ಅವ್ವ ಹಿತ್ತಲಿಗೆ ಬಿಟ್ಟುಕೊಂಡರು ಅಂದೆ.

ಅವಳು ದಬರಿಯನ್ನು ಮೆಲ್ಲಗೆ ಕೆಳಗಿಟ್ಟಳು. ಗಿಡದ ವಿಷಯ ಮರೆತೇಹೋಯಿತು ಅವಳಿಗೆ.

“ನಮ್ಮೂರ್ ನಾಲೇಲಿ ನೀರಾ?”

ಹೌದು ಅಂದೆ.

“ಎಷ್ಟಿತ್ತು? ಸೇತ್ವೆ ತಾವ ಕಲ್ ಮುಳುಗಿತ್ತಾ?”

ಹೋಗುವಾಗ ಒಂದು ಸಲ, ಬರುವಾಗ ಒಂದು ಸಲ ಆ ಸೇತುವೆ ದಾಟಿದ್ದೆ. ಕೆಳಗೆ ನೀರು ಹರಿಯುತ್ತಿತ್ತು, ಹರಿಯುತ್ತಿದ್ದಿರಬೇಕು. ನಾನು ನೋಡಿರಲಿಲ್ಲ. ನಾಲೆಯಲ್ಲಿ ನೀರು ಇರುವುದು ನನಗೆ ನೋಡುವಂಥ ಸಂಗತಿಯೇ ಅಲ್ಲ. ನೋಡ್ಲಿಲ್ವಾ ಎಂದು ಅವಳು ಎರಡು ಸಲ ಕೇಳಿದಳು, ಎರಡನೇ ಸಲ ಬಹಳ ಮೆತ್ತಗೆ. ಎಂಟು ಗಿಡ ಸಾಯಿಸಿದಾಗ ಆಗದಷ್ಟು ನಾಚಿಕೆ ನನಗೆ ಆಗ ಆಯಿತು.

ಅವಳು ಎದ್ದು ಬೀಗದಕೈ ಎಲ್ಲಿ ಎಂದು ಕೇಳಿ, ನಾನು ತೋರಿಸಿದ ಕಾಂಪೌಂಡಿನ ಕಡೆಗೆ ಕೈ ಚಾಚಿದಳು. ಸಿದ್ದಯ್ಯನವರು ಅಲ್ಲೇ ನಿಂತು ಎಲ್ಲ ಕೇಳಿಸಿಕೊಂಡಿದ್ದರು. ಇನ್ನೂ ಎರಡು ದಿನ ಕಟ್ಟು ಇದೆ ಎಂದು ಹೇಳಲು ಹೊರಟು, ಅವಳ ಮುಖ ನೋಡಿ, ಉಡಿದಾರದಿಂದ ಬೀಗದಕೈ ಬಿಚ್ಚಿ ಕೊಟ್ಟರು. ಸುಶೀಲ ಅಟ್ಟದ ಮೇಲಿದ್ದ ಚೊಂಬು ಹುಡುಕಿ ತಂದಳು, ನಲ್ಲಿ ಬಿಟ್ಟಳು, ಕಂಠದವರೆಗೆ ತುಂಬಿಸಿದಳು. ಇಡೀ ಅಂಗಳಕ್ಕೆ ಒಂದು ಚೊಂಬು ಹಂಚುತ್ತಿದ್ದವಳು ಆ ಮೂರು ಎಲೆಯ ಕಡ್ಡಿಯೊಂದಕ್ಕೇ ಅದನ್ನು ಬಗ್ಗಿಸಿದಳು.

“ಕುಡೀಲಿ ಬುಡಿ” ಅಂದಳು. “ನಮ್ಮೂರ್ದಲ್ವಾ.”

ಒಣ ಮಣ್ಣು ಸರ್ರನೆ ಹೀರಿಕೊಂಡಿತು, ಕಪ್ಪಗಾಯಿತು, ಮೇಲೆ ಸಣ್ಣಗೆ ನಿಲ್ಲತೊಡಗಿತು. ಸಿದ್ದಯ್ಯನವರು ನನ್ನನ್ನು ನೋಡಿದರು. ಅವಳ ಸಂತೋಷವನ್ನು ತಡೆಯುವುದು ಹೇಗೆ, ತಡೆಯದಿದ್ದರೆ ಅವ್ವನ ಹಿತ್ತಲಿನ ಕಡೆಯ ಹೂ ಕಣ್ಣೆದುರಿಗೇ ಹೋಗುತ್ತದಲ್ಲ. ನನ್ನ ಗಂಟಲಿನಿಂದ ನನಗೇ ಗುರುತು ಸಿಗದ ಒಂದು ಮಾತು ಹೊರಬಂತು.

“ಸಾಕು ಕಣೆ” ಅಂದೆ.

ಸುಶೀಲ ತಿರುಗಿ ನೋಡಿದಳು. ಚೊಂಬು ನೆಟ್ಟಗಾಯಿತು. ಉಳಿದ ಮುಕ್ಕಾಲು ಚೊಂಬು ನೀರನ್ನು ಅವಳು ನೆಲಕ್ಕೆ ಚೆಲ್ಲಲಿಲ್ಲ, ಬೇರೆ ಕುಂಡಕ್ಕೂ ಹಾಕಲಿಲ್ಲ. ಅಲ್ಲೇ ನಿಂತು, ತಲೆ ಮೇಲೆತ್ತಿ, ಗಟಗಟನೆ ಪೂರ್ತಿ ತಾನೇ ಕುಡಿದಳು.

ಗಿಡ ಬದುಕಿತು, ಆಷಾಢದಲ್ಲಿ ಕೆಂಪು ಬೊಟ್ಟಿಟ್ಟುಕೊಂಡು ಹೂವನ್ನೂ ಬಿಟ್ಟಿತು, ಅದನ್ನು ಬೇಕಾದವರು ಬಂದು ನೋಡಬಹುದು. ನಾನು ಹೇಳಿಕೊಳ್ಳಬೇಕಾದದ್ದು ಇಷ್ಟೇ: ನಮ್ಮ ಮನೆತನದಲ್ಲಿ ನೀರಿಗೆ ಸಾಕು ಅಂದ ಮೊದಲ ಮನುಷ್ಯ ನಾನು.